ಮತದ ಡಬ್ಬಿಯ ಮೇಲೆ ಖಾಸಿಂಸಾಬನ ಕೈ

ಇಳಕಲ್ಲಿನ ಬಣ್ಣಗಾರ ಖಾಸಿಂಸಾಬ ಯಾರನ್ನೂ ಸುಮ್ಮನೆ ನಂಬುವ ಆಸಾಮಿಯಲ್ಲ. ಬಾವಿಯ ನೀರನ್ನೂ ನಾಲಿಗೆಗೆ ಹಚ್ಚಿ ನೋಡಿಯೇ ಬಣ್ಣದ ಹಂಡೆಗೆ ಸುರಿಯುತ್ತಿದ್ದ. ಅಂಥವನಿದ್ದ ಊರಿಗೆ, 1920ರ ಸುಮಾರಿಗೆ, ನೇಕಾರರ ಸಂಘದವರು ಮುಂಬಯಿಯಿಂದ ಮತ ಎಣಿಸುವ ಯಂತ್ರದ ಡಬ್ಬಿ ತರಿಸಿದರು. ಅವನ ನಿದ್ದೆ ಹಾರಿಹೋಯಿತು.

ಕಾರಣವೂ ಇತ್ತೆನ್ನಿ. ಸಂಘದ ಹಿರಿತನಕ್ಕೆ ನಿಂತಿದ್ದ ಸಾವುಕಾರ ಶಿವಲಿಂಗಪ್ಪ ಗೆದ್ದರೆ ಗಿರಣಿಯ ಬಣ್ಣದ ನೂಲನ್ನೇ ತರಿಸುವವನು; ಖಾಸಿಂಸಾಬನ ಒಲೆ ಆರಿದಂತೆಯೇ. ಸೋತನೋ, ತನಗೆ ಕೈಕೊಟ್ಟವರನ್ನು ಹುಡುಕಿ ಹುಡುಕಿ ನೂಲು ನಿಲ್ಲಿಸುವವನು. ಊರಿನ ನೂಲೆಲ್ಲ ಅವನ ಅಂಗಡಿಯದೇ.

"ಯಾರು ಯಾರಿಗೆ ಒತ್ತಿದರು ಅಂತ ಯಾರಿಗೂ ತಿಳೀಬಾರದು. ಕಾಯದೇನ ಹಂಗೈತಿ," ಎಂದ ಸಂಘದ ಗುಮಾಸ್ತ ಚಾಂದಸಾಬ.

"ಡಬ್ಬಿ ಹೋಗಿ ಸಾವುಕಾರಗ ಹೇಳೂದಿಲ್ಲಂತ ಏನ್ ಗ್ಯಾರಂಟಿರಿ?" ಎಂದ ಖಾಸಿಂಸಾಬ.

ಮತದ ದಿನ, ಡಬ್ಬಿ ತೆರೆದು ತೋರಿಸುತ್ತಾರೆಂದು ಕೇಳಿದ್ದೇ ತಡ, ಕೆಂಪು ಬಣ್ಣದಲ್ಲಿ ನೂಲು ಅದ್ದುತ್ತಿದ್ದ ಖಾಸಿಂಸಾಬ ಹಾಗೆಯೇ ಸಂಘಕ್ಕೆ ಓಡಿದ. "ಕೈಯರ ತೊಳಕೊಂಡ ಹೋಗ್ರಿ!" ಎಂದು ಹೆಂಡತಿ ಜೈನಬಿ ಕೂಗಿದ್ದು ಕೇಳಿಸಲಿಲ್ಲ.

ಡಬ್ಬಿಯ ಒಳಗೆ ಎರಡು ಹಲ್ಲುಗಾಲಿ, ಎರಡರ ಮೇಲೂ ಸೊನ್ನೆ. ಹಿಡಿಕೆ ಒತ್ತಿದರೆ ಗಂಟೆ ಬಾರಿಸಿ ಗಾಲಿ ಒಂದು ಹಲ್ಲು ಸರಿಯುತ್ತದೆ. ಆಮೇಲೆ ಗುಮಾಸ್ತ ಹೊರಗಿನಿಂದ ಕೀಲಿ ತಿರುವುವ ತನಕ ಎರಡೂ ಹಿಡಿಕೆ ಅಲುಗುವುದಿಲ್ಲ; ಒಬ್ಬನಿಗೆ ಒಂದೇ ಮತ. ಮುಚ್ಚಳಕ್ಕೆ ಎರಡು ಬೀಗ, ಒಂದೊಂದು ಪಕ್ಷಕ್ಕೆ ಒಂದೊಂದು ಕೀಲಿ. ಖಾಸಿಂಸಾಬ ಮೂಗು ತೂರಿಸಿ ಎಲ್ಲ ನೋಡಿದ. ಹಾಳಾದ್ದು, ಒಂದು ತಪ್ಪೂ ಸಿಗಲಿಲ್ಲ!

ಮೊದಲ ಸರದಿ ಅವನದೇ. ಪರದೆಯ ಹಿಂದೆ ಎರಡು ಬಿಳಿ ಹಿಡಿಕೆ: ದೀಪದ ಗುರುತು ಶಿವಲಿಂಗಪ್ಪನದು, ಗಿಳಿಯದು ಅವನ ಎದುರಾಳಿ ಚಂದ್ರಶೇಖರಪ್ಪನದು. ಗಿಳಿಯನ್ನು ಒತ್ತಿದ. ಗಂಟೆ ಬಾರಿಸಿತು. ಕೈ ತೆಗೆದು ನೋಡುತ್ತಾನೆ, ಯಾ ಅಲ್ಲಾ! ಬಿಳಿ ಹಿಡಿಕೆಯ ಮೇಲೆ ಐದೂ ಬೆರಳು ಕೆಂಪಗೆ ಮೂಡಿವೆ. ಒರೆಸಿದರೆ ಇನ್ನಷ್ಟು ಹರಡಿತು. ಮುಂದಿನ ಸರದಿ ಶಿವಲಿಂಗಪ್ಪನದೇ. ಇಷ್ಟು ದಿನ ಖಾಸಿಂಸಾಬ ಡಬ್ಬಿಯ ಮೇಲೆ ಗುಮಾನಿಪಟ್ಟಿದ್ದ. ಚಾಡಿ ಹೇಳಲು ಹೊರಟದ್ದು ತನ್ನದೇ ಕೈ.

"ಏನ್ ಮಾಡಾಕತ್ತಿಲೇ ಒಳಗ?" ಶಿವಲಿಂಗಪ್ಪ ಗದರಿದ.

ಖಾಸಿಂಸಾಬ ದೀಪದ ಹಿಡಿಕೆಯನ್ನೂ ಎರಡೂ ಕೈಯಲ್ಲಿ ಗಟ್ಟಿಯಾಗಿ ತಿಕ್ಕಿ ಹೊರಗೆ ಬಂದ.

ಸಂಜೆ ಗಿಳಿ ಗೆದ್ದಿತು. ಶಿವಲಿಂಗಪ್ಪ ಅವನನ್ನು ಅಡ್ಡಗಟ್ಟಿದ. "ಎರಡೂ ಕಡೆ ನಿನ್ನ ಬಣ್ಣ ಹತ್ತೇತಿ. ಖರೆ ಹೇಳ್, ಯಾವದ ಒತ್ತಿದಿ?"

"ನಿಮ್ಮ ಕೈನೂ ಕೆಂಪ ಐತೆಲ್ರಿ ಸಾವುಕಾರ್ರ. ಯಾವದ ಒತ್ತಿದ್ರಿ ಅಂತ ನಾ ಕೇಳಿದ್ನೇನು?"

ಶಿವಲಿಂಗಪ್ಪ ಅಂಗೈ ನೋಡಿಕೊಂಡ. ಸುತ್ತ ನಿಂತವರ ಕೈಗಳನ್ನೂ ನೋಡಿದ. ಎಲ್ಲವೂ ಕೆಂಪು.

ಮರುದಿನ ಸಾವುಕಾರನ ಅಂಗಡಿಯಿಂದ ಎಂದಿನಂತೆ ನೂಲು ಬಂತು. ಖಾಸಿಂಸಾಬ ಅದನ್ನು ಮೂಸಿ ನೋಡಿಯೇ ಒಳಗೆ ತೆಗೆದುಕೊಂಡ.