ಡೌಸ್ ಹುಲುಗಪ್ಪ ಹಿಂದಿರುಗಿ ನೋಡಿದ್ದು

ಗುಡೇಕೋಟೆಯ ಹುಲುಗಪ್ಪನಿಗೆ ನೆಲದ ಕೆಳಗಿನ ನೀರು ಕಾಣುತ್ತದೆ ಎಂದು ಸುತ್ತಲಿನ ಹಳ್ಳಿಗಳೆಲ್ಲ ನಂಬಿದ್ದವು. ತಾನು ತೋರಿಸಿದ ಜಾಗದಲ್ಲಿ ನೀರು ಬಿದ್ದದ್ದನ್ನು ಮಾತ್ರ ಅವನು ಒಮ್ಮೆಯೂ ಕಣ್ಣಾರೆ ನೋಡಿದವನಲ್ಲ. ತಮಾಷೆಗೆ ಹೇಳುತ್ತಿಲ್ಲ, ಅವನ ಮನೆತನದ ಕಟ್ಟಳೆಯೇ ಹಾಗಿತ್ತು. ಬಾವಿ ತೋಡಿಸುವವರು ಕರೆದರೆ ಹಿಂದಿನ ದಿನ ಉಪವಾಸ. ಬೆಳಿಗ್ಗೆ ತಣ್ಣೀರು ಸುರಿದುಕೊಂಡು, ಒದ್ದೆ ಪಂಚೆಯಲ್ಲೇ ಬರಿಗಾಲಲ್ಲಿ, ಬೇವಿನ ಕವಲುಕಡ್ಡಿಯೊಂದನ್ನು ಎರಡೂ ಕೈಯಲ್ಲಿ ಹಿಡಿದು ಹೊಲ ತುಳಿಯಬೇಕು. ಆ ಕಡ್ಡಿಗೆ ಕವೆ ಎನ್ನುತ್ತಿದ್ದರು. ಕವೆಯ ಮೂತಿ ಎಲ್ಲಿ ನೆಲಕ್ಕೆ ಬಾಗುತ್ತದೋ ಅಲ್ಲೊಂದು ಕಲ್ಲಿಟ್ಟು, ಅರಿಶಿನ ಕುಂಕುಮ ಹಚ್ಚಿ, ಹೊರಟುಬಿಡಬೇಕು. ಹಿಂದಿರುಗಿ ನೋಡುವಂತಿಲ್ಲ, ಗುದ್ದಲಿ ಬೀಳುವಾಗ ನಿಲ್ಲುವಂತಿಲ್ಲ, ಆ ಹೊಲಕ್ಕೆ ಮತ್ತೆ ಕಾಲಿಡುವಂತಿಲ್ಲ. ತೋರಿಸಿದವನ ಕಣ್ಣು ಬಿದ್ದರೆ ಗಂಗಮ್ಮ ನಾಚಿ ಪಾತಾಳಕ್ಕೆ ಇಳಿಯುತ್ತಾಳೆ ಎಂದು ಅವನಪ್ಪ ಹೇಳಿಕೊಟ್ಟಿದ್ದ. ಆ ಅಪ್ಪ ಬಲು ಜಾಣನಿರಬೇಕು. ಬರಿದಾದ ಬಾವಿಯ ದಂಡೆಯ ಮೇಲೆ ನಿಂತು ಬೈಸಿಕೊಳ್ಳುವುದು ಯಾರಿಗೆ ಬೇಕು?

ನೀರು ಬಿದ್ದವರು ತೆಂಗಿನಕಾಯಿ, ಅಕ್ಕಿ, ಬೆಲ್ಲ ಹೊತ್ತು ಅವನ ಮನೆಗೆ ಬರುತ್ತಿದ್ದರು. ಬೀಳದವರು ಬಂದು ಗೊಣಗಿದರೆ ಹುಲುಗಪ್ಪನ ಬಳಿ ಒಂದೇ ಮಾತಿತ್ತು: "ಇನ್ನೊಂದಾಳು ಇಳೀರಿ." ಇನ್ನೂ ಒಂದು ಮನುಷ್ಯನುದ್ದ ತೋಡಿರಿ ಎಂದರ್ಥ. ತೋಡಿ ನೀರು ಬಿದ್ದರೆ ಕವೆಯ ಮಹಿಮೆ, ಬೀಳದಿದ್ದರೆ ಅವರೇ ಬೇಸತ್ತು ಮನೆಗೆ ಹೋಗುತ್ತಿದ್ದರು. ಅಪ್ಪನ ಬಾಯಲ್ಲೂ ಅದೇ ಮಾತಿತ್ತು. ಮಗನಿಗೆ ಅದು ಉಸಿರಾಡಿದಷ್ಟು ಸಲೀಸಾಗಿ ಬರುತ್ತಿತ್ತು.

ಎಪ್ಪತ್ತೆಂಟನೇ ಇಸವಿಯ ಸುಮಾರಿಗೆ ಈ ಹುಲುಗಪ್ಪನಿಗೆ ಒಂದು ಇಂಗ್ಲಿಷ್ ಪದ ಗಂಟುಬಿತ್ತು. ಕೂಡ್ಲಿಗಿಯಲ್ಲಿ ಇಂಗ್ಲಿಷ್ ಪಾಠ ಮಾಡುತ್ತಿದ್ದ ಕೊಟ್ಟೂರಿನ ಗುಲಾಮಹುಸೇನ ಮಾಸ್ತರು ಸಂತೆಯ ದಿನ ಚಹಾದಂಗಡಿಯಲ್ಲಿ ಅವನ ಪಕ್ಕ ಕೂತು, ನಿನ್ನ ಕಸುಬಿಗೆ ಇಂಗ್ಲಿಷಿನಲ್ಲಿ ಬೇರೆಯದೇ ಒಂದು ಕ್ರಿಯಾಪದ ಇದೆ ಎಂದರು. ಡೌಸ್. ಹುಲುಗಪ್ಪ ಬೆಚ್ಚಿದ. ಬಿಳಿಯರೂ ಕವೆ ಹಿಡಿದು ಹೊಲ ತುಳಿಯುತ್ತಾರೆಯೇ? ತುಳಿಯುತ್ತಾರೆ ಎಂದರು ಮಾಸ್ತರು. ಇದು ಪೇಪರಿನಲ್ಲಾಗಲೀ ಪಾಠದ ಪುಸ್ತಕದಲ್ಲಾಗಲೀ ಸಿಗುವ ಪದವಲ್ಲ, ಇಷ್ಟು ವರ್ಷ ಇಂಗ್ಲಿಷ್ ಓದಿದ ತಮಗೇ ನಿಘಂಟು ತಿರುವುವಾಗ ಸಿಕ್ಕಿದ್ದು. ಅದೇ ಸದ್ದಿನ ಇನ್ನೊಂದು ಕ್ರಿಯಾಪದ ದೀಪ ಆರಿಸುವುದಕ್ಕೆ, ನೀರು ಸುರಿದು ತೋಯಿಸುವುದಕ್ಕೆ ಬರುತ್ತದಂತೆ, ಅದರ ಗೊಡವೆ ಬೇಡ. ನಮ್ಮ ಡೌಸ್ ಬರೀ ನೀರಿಗೆ ಮೀಸಲಲ್ಲ. ಅಲ್ಲಿನ ಜನ ಸೀಸದ ಅದಿರನ್ನು ಡೌಸ್ ಮಾಡುತ್ತಾರೆ, ಕಳೆದ ಉಂಗುರವನ್ನು ಡೌಸ್ ಮಾಡುತ್ತಾರೆ, ಮಣ್ಣಿನಡಿ ಹೂತುಹೋದ ಹೆಣವನ್ನೂ ಡೌಸ್ ಮಾಡುತ್ತಾರೆ.

ಇಷ್ಟು ಕೇಳಿದ್ದೇ ಹುಲುಗಪ್ಪನಿಗೆ ಎರಡು ಕೋಡು ಮೂಡಿದವು. ಆಮೇಲೆ ಮಾಸ್ತರು ಹೇಳಿದ ಮಾತು ಅವನ ಕಿವಿಗೆ ಹೋದರೂ ತಲೆಗೆ ಹೋಗಲಿಲ್ಲ.

"ಹುಲುಗಪ್ಪ, ಒಂದು ತಿಳಕೊಳ್ಳಪ್ಪ," ಎಂದಿದ್ದರು ಮಾಸ್ತರು. "ಈ ಕ್ರಿಯಾಪದಕ್ಕ ಹುಡುಕೋದು ಅಂತ ಅರ್ಥ ಐತಿ. ಸಿಗೋದು ಅಂತ ಅಲ್ಲ."

ಅಂದಿನಿಂದ ಅವನು ನೀರು ನೋಡುವುದನ್ನು ಬಿಟ್ಟು ಡೌಸ್ ಮಾಡತೊಡಗಿದ. ಹರಪನಹಳ್ಳಿ ದಾರಿಯ ಬಸ್ಸಿನಲ್ಲಿ, ಹಗರಿಬೊಮ್ಮನಹಳ್ಳಿಯ ಸಂತೆಯಲ್ಲಿ, ಯಾರು ಸಿಕ್ಕರೂ ಅದೇ ಮಾತು. ಬಿಳಿಯರು ಇದೇ ಕಡ್ಡಿಯಲ್ಲಿ ಸತ್ತವರನ್ನು ಹುಡುಕುತ್ತಾರೆ ಎಂಬುದನ್ನಂತೂ ತಾನೇ ನಾಲ್ಕಾರು ಹೆಣ ತೆಗೆಸಿದವನ ಹಾಗೆ ಹೇಳುತ್ತಿದ್ದ. ಜನ ಅವನಿಗೆ ಡೌಸ್ ಹುಲುಗಪ್ಪ ಎಂದೇ ಹೆಸರಿಟ್ಟರು. ಅರ್ಧ ಗೇಲಿ, ಅರ್ಧ ಭಯ. ಅವನಿಗೆ ಎರಡೂ ಇಷ್ಟವಾಗಿದ್ದವು.

ಹೀಗಿರುವಾಗ ಒಂದು ಬೆಳಿಗ್ಗೆ ಹೊಸಹಳ್ಳಿ ಕಡೆಯ ಹೆಂಗಸೊಬ್ಬಳು ಅವನ ಕಟ್ಟೆಯ ಮುಂದೆ ಬಂದು ನಿಂತಳು. ಹೆಸರು ಕೆಂಚಕ್ಕ. ಬಾವಿಗಾಗಿ ಬಂದಿರಬೇಕೆಂದುಕೊಂಡು ಹುಲುಗಪ್ಪ ಹೊಲ ಯಾವ ದಿಕ್ಕಿಗೆ ಎಂದು ಕೇಳಿದ. ಅವಳು ಸೆರಗನ್ನು ಬಿಗಿಯಾಗಿ ಹೊದ್ದುಕೊಂಡು ನೆಟ್ಟಗೆ ಅವನ ಮುಖವನ್ನೇ ನೋಡಿದಳು.

"ನನಗ ನೀರು ಬ್ಯಾಡಣ್ಣ. ನನ್ನ ಮನಿಯವರನ್ನ ಡೌಸ್ ಮಾಡಿಕೊಡ್ರಿ."

ಹುಲುಗಪ್ಪ ತಡವರಿಸುವಷ್ಟರಲ್ಲಿ ಅವಳೇ ತನ್ನ ಗೋಳು ಹೇಳಿದಳು. ಮೂರು ವರ್ಷದ ಹಿಂದೆ ಗಂಡ ಇಟ್ಟಿಗಿ ಕಡೆ ಕೂಲಿಗೆ ಹೋಗಿ ಬರುತ್ತೇನೆಂದು ಹೊರಟವನು ತಿರುಗಿ ಬರಲಿಲ್ಲ. ಗಂಡನ ಅಣ್ಣ ಬೊಮ್ಮಪ್ಪ ಹಡಗಲಿವರೆಗೂ ಅಲೆದು ಬಂದ. ಇಟ್ಟಿಗಿಯಲ್ಲಿ ಅವನನ್ನು ಕಂಡವರೇ ಇಲ್ಲ. ಯಾವಳನ್ನೋ ಕಟ್ಟಿಕೊಂಡು ಓಡಿಹೋದ ಎಂದು ಊರು ತೀರ್ಪು ಕೊಟ್ಟಿತು. ಊರ ಬಾಯಿ ಮುಚ್ಚುವ ಮುಚ್ಚಳ ಯಾವ ಕುಂಬಾರನೂ ಮಾಡಿಲ್ಲ. ಓಡಿಹೋದವನ ಮಗಳು ಎಂದು ಹುಡುಗಿಯನ್ನು ನೋಡಲು ಬಂದವರು ನೀರು ಕುಡಿಯದೆ ಎದ್ದುಹೋದರು. ತಾನು ಬಳೆ ತೊಟ್ಟರೂ ನಗುತ್ತಾರೆ, ತೆಗೆದರೂ ನಗುತ್ತಾರೆ. ಬದುಕಿದ್ದರೆ ಬದುಕಿದ್ದಾನೆ ಎನ್ನಿ, ಸತ್ತಿದ್ದರೆ ಎಲ್ಲಿ ಎಂದು ತೋರಿಸಿ. ಇಷ್ಟು ಹೇಳುವಾಗಲೂ ಅವಳು ಗಂಡನ ಹೆಸರೆತ್ತಲಿಲ್ಲ. ಗಂಡನ ಹೆಸರು ಹೇಳುವ ರೂಢಿ ಆ ಕಡೆಯ ಹೆಂಗಸರಿಗಿಲ್ಲ, ಹುಲುಗಪ್ಪನೂ ಕೇಳಲಿಲ್ಲ. ಅಲ್ಲೇ ಕೇಳಿದ್ದರೆ ಆಮೇಲಿನದು ಬೇರೆಯೇ ಆಗುತ್ತಿತ್ತೋ ಏನೋ.

ಆಗುವುದಿಲ್ಲ ಎಂದರೆ ಸಂತೆಯಲ್ಲಿ ಹೊಡೆದ ಜಂಬವೆಲ್ಲ ಮಣ್ಣುಪಾಲು. ಆಗುತ್ತದೆ ಎಂದರೆ ಅವಳ ಗಂಡನನ್ನು ಎಲ್ಲಿಂದ ತರುವುದು? ಅತ್ತ ದರಿ, ಇತ್ತ ಪುಲಿ. ಕೊನೆಗೆ ಒಂದು ಉಪಾಯ ಹೊಳೆಯಿತು. ಅವರ ಹೊಲವನ್ನೆಲ್ಲ ತುಳಿದು, ಕವೆ ಬಾಗದಂತೆ ಗಟ್ಟಿಯಾಗಿ ಹಿಡಿದು, ನಿನ್ನ ಗಂಡ ಮಣ್ಣಿನಡಿ ಇಲ್ಲ ತಾಯಿ, ಎಲ್ಲೋ ಬದುಕಿದ್ದಾನೆ ಎಂದುಬಿಟ್ಟರೆ ಆಯಿತು. ಅವಳಿಗೂ ಸಮಾಧಾನ, ತನಗೂ ಮರ್ಯಾದೆ. ಇಷ್ಟು ಸುಲಭದ ಡೌಸ್ ಯಾವ ಬಿಳಿಯನೂ ಮಾಡಿರಲಾರ ಎಂದು ಒಳಗೊಳಗೇ ನಕ್ಕು ಒಪ್ಪಿಕೊಂಡ.

ಗೊತ್ತಾದ ದಿನ ಅವನು ಒದ್ದೆ ಪಂಚೆಯಲ್ಲಿ ಹೋದಾಗ ಅರ್ಧ ಊರೇ ನೆರೆದಿತ್ತು. ಬೊಮ್ಮಪ್ಪ ನಾಲ್ಕು ಆಳುಗಳ ಜೊತೆ ಗುದ್ದಲಿ ಹಿಡಿದು ನಿಂತಿದ್ದ, ಮುಖದಲ್ಲಿ ಅಸಡ್ಡೆ. ಕೆಂಚಕ್ಕ ಹುಲುಗಪ್ಪನನ್ನು ಊರಮುಂದಿನ ಹೊಲ ಬಿಡಿಸಿ, ಗುಡ್ಡದ ಹಿಂದಿನ ಕುರುಚಲಿನೊಳಗಿಂದ ಬೇರೊಂದು ತುಂಡು ನೆಲಕ್ಕೆ ಕರೆದುಕೊಂಡು ಹೋದಳು. ಹುಲುಗಪ್ಪ ಕವೆಯನ್ನು ಮುಷ್ಟಿಯಲ್ಲಿ ಹಿಸುಕಿ ಹಿಡಿದು ನಡೆದ. ಕವೆ ಮಿಸುಕಲಿಲ್ಲ. ಅರ್ಧ ಹೊಲ ಮುಗಿದಾಗ ಅವನಿಗೆ ಧೈರ್ಯ ಬಂತು.

ಆಗ ಎದುರಿಗೆ ಒಂದು ತಗ್ಗು ಕಾಣಿಸಿತು. ಹಳೆಯ ಬಾವಿಯೊಂದು ಕುಸಿದು ಮುಚ್ಚಿಕೊಂಡ ಜಾಗ, ಮೇಲೆ ಹುಲ್ಲು ಬೆಳೆದಿತ್ತು. ಅದರ ದಂಡೆಯಲ್ಲಿ ಮೊಣಕಾಲೆತ್ತರದ ಒಂದು ಕಲ್ಲು. ಬಾವಿ ತೋಡುವಾಗ ಗುರುತಿನ ಕಲ್ಲನ್ನು ಎಸೆಯದೆ ದಂಡೆಗಿಟ್ಟು ಪೂಜಿಸುವುದು ರೂಢಿ. ಕಲ್ಲಿನ ಸಂದಿಯಲ್ಲಿ ಕುಂಕುಮದ ಕಪ್ಪು ಇನ್ನೂ ಉಳಿದಿತ್ತು. ಅದು ಅವನೇ ಇಟ್ಟ ಕಲ್ಲು. ಗುಡ್ಡದ ಹಿಂದಿನಿಂದ ಬಂದದ್ದರಿಂದ ಗುರುತು ಹತ್ತದೆ, ಕಟ್ಟಳೆ ಮುರಿದು ತಾನೇ ತೋರಿಸಿ ಹೋದ ಹೊಲಕ್ಕೆ ಮತ್ತೆ ಕಾಲಿಟ್ಟಿದ್ದ.

ಅವನ ಕೈ ನಡುಗಿತು. ಕವೆ ನೆಲಕ್ಕೆ ಬಾಗಿತು. ಅದು ಕವೆಯ ಮಹಿಮೆಯೋ ಕೈಯ ನಡುಕವೋ ಅವನಿಗೆ ಕಡೆಯವರೆಗೂ ತಿಳಿಯಲಿಲ್ಲ. ನೋಡಿದವರಿಗೆ ಮಾತ್ರ ಅನುಮಾನವೇ ಉಳಿಯಲಿಲ್ಲ. ಅಸಡ್ಡೆಯಿಂದ ನಿಂತಿದ್ದ ಬೊಮ್ಮಪ್ಪನೇ ಮೊದಲು ತಗ್ಗಿಗಿಳಿದ. ಹುಲುಗಪ್ಪ ಅಭ್ಯಾಸಬಲದಿಂದ ತಿರುಗಿ ಹೊರಟ. ಕೆಂಚಕ್ಕ ದಾರಿಗೆ ಅಡ್ಡ ನಿಂತಳು.

"ಇವತ್ತು ನಿಂತು ನೋಡ್ರಿ ಅಣ್ಣ."

ಅವನು ನಿಂತ. ಹುಟ್ಟಿದಾಗಿನಿಂದ ಮೊದಲ ಸಲ ತಾನು ತೋರಿಸಿದ ನೆಲದಲ್ಲಿ ಗುದ್ದಲಿ ಬೀಳುವುದನ್ನು ನೋಡಿದ. ಸಡಿಲ ಮಣ್ಣು ಬೇಗ ಬೇಗ ಮೇಲೆ ಬಂತು, ಬಿಸಿಲು ನೆತ್ತಿಗೇರಿ ಇಳಿಯಿತು. ಆಳು ಮುಳುಗುವಷ್ಟು ಇಳಿದ ಮೇಲೆ, ಮಣ್ಣು ಹೊರಲು ಅನುಕೂಲವಾಗಲೆಂದು ಯಾರೋ ಒಬ್ಬನೇ ಕಡಿದುಕೊಂಡ ಮೆಟ್ಟಿಲುಗಳು ಕಂಡವು. ಆಮೇಲೆ ಮಣ್ಣು ತುಂಬುವ ಒಂದು ಮಂಕರಿ. ಅದರ ಕೆಳಗೆ ಒಂದು ಗುದ್ದಲಿ, ಸೀಳಿದ ಹಿಡಿಗೆ ತಾಮ್ರದ ತಂತಿ ಸುತ್ತಿದ್ದು. ಬೊಮ್ಮಪ್ಪ ಅದನ್ನು ಕೈಗೆತ್ತಿಕೊಂಡವನೇ ಕುಸಿದು ಕೂತ. "ನನ್ನ ತಮ್ಮ ಜೋಗಪ್ಪಂದಿದು," ಎಂದ. ಗುದ್ದಲಿಯ ಕೆಳಗೆ ಅದನ್ನು ಹಿಡಿದವನಿದ್ದ. ಮೂಳೆ, ರುಮಾಲು, ಸೊಂಟದ ಬೆಳ್ಳಿ ಉಡಿದಾರ. ನೀರಿನ ಪಸೆ ಒಂದು ಹನಿಯೂ ಇರಲಿಲ್ಲ.

ಆ ಗುದ್ದಲಿಯನ್ನು ಹುಲುಗಪ್ಪ ಹಿಂದೆಯೇ ನೋಡಿದ್ದ. ಮೂರು ವರ್ಷದ ಹಿಂದೆ ಅದು ಅವನದೇ ಬಾಗಿಲ ಚೌಕಟ್ಟಿಗೆ ಒರಗಿ ನಿಂತಿತ್ತು. ಅದರ ಯಜಮಾನ ಹೊಸ್ತಿಲಾಚೆ ನಿಂತು, ಜನ ನಗುತ್ತಿದ್ದಾರೆ, ಬಾವಿ ಬಿಡು ಎಂದು ಅಣ್ಣನೂ ಬೈದ, ಏನು ಮಾಡಲಿ ಎಂದು ಕೇಳಿದ್ದ. ಹುಲುಗಪ್ಪ ಮುದ್ದೆ ಮುರಿಯುತ್ತಿದ್ದವನು ಏಳಲೂ ಇಲ್ಲ. ಕೂತಲ್ಲಿಂದಲೇ ಆ ಒಂದು ಮಾತನ್ನು ಹೇಳಿ ಕಳಿಸಿದ್ದ. ಜೋಗಪ್ಪ ಕೂಲಿಗೆ ಹೋಗುತ್ತೇನೆಂದು ಮನೆಯಲ್ಲಿ ಸುಳ್ಳು ಹೇಳಿ, ನಗುವವರ ಕಣ್ಣು ತಪ್ಪಿಸಿ, ಒಬ್ಬನೇ ಇಳಿದಿದ್ದ. ಮಣ್ಣು ಅವನ ಮೇಲೆ ಬಿತ್ತು. ಆಮೇಲೆ ಮುಂಗಾರು ಬಂದು ಉಳಿದದ್ದನ್ನೂ ಮುಚ್ಚಿತು. ಬಿಟ್ಟ ಬಾವಿ ಮಳೆಗೆ ಕುಸಿಯುವುದರಲ್ಲಿ ಹೊಸದೇನಿದೆ ಎಂದು ಯಾರೂ ಅತ್ತ ಹೋಗಲಿಲ್ಲ.

ಹೆಂಗಸರ ಗೋಳು ಗುಡ್ಡಕ್ಕೆ ಮುಟ್ಟಿತು. ಅದರ ನಡುವೆಯೇ, ಹೇಸಿಗೆಯಾಗಬೇಕು ಹೇಳುವುದಕ್ಕೆ, ಗಂಡಸರು ಹುಲುಗಪ್ಪನ ಕಾಲಿಗೆ ಬೀಳತೊಡಗಿದರು. ನೀರಷ್ಟೇ ಅಲ್ಲ, ಸತ್ತವರೂ ಇವನ ಕವೆಗೆ ಓಗೊಡುತ್ತಾರೆ ಎಂದರು. ಒಬ್ಬ ತೆಂಗಿನಕಾಯಿ ತರಲು ಊರಿಗೆ ಓಡಿದ. ಇನ್ನೊಂದು ಗಳಿಗೆ ಬಾಯಿ ಮುಚ್ಚಿಕೊಂಡಿದ್ದರೆ ಹುಲುಗಪ್ಪ ಆ ಸೀಮೆಗೆಲ್ಲ ದೇವರಾಗಿಬಿಡುತ್ತಿದ್ದ. ಅವನು ಕಾಲಿಗೆ ಬಿದ್ದವರನ್ನು ದಾಟಿ ಕೆಂಚಕ್ಕನ ಮುಂದೆ ಹೋಗಿ ನಿಂತ. ಅವಳು ಅಳುತ್ತಿರಲಿಲ್ಲ. ಉಡಿದಾರದ ಮಣ್ಣನ್ನು ಸೆರಗಿನಲ್ಲಿ ಒರೆಸುತ್ತಿದ್ದಳು.

"ತಂಗೀ, ಇನ್ನೊಂದಾಳು ಇಳಿ ಅಂತ ಅವಗ ಹೇಳಿದಾಂವ ನಾನು," ಎಂದ.

ಕೆಂಚಕ್ಕ ತಲೆಯೆತ್ತಿದಳು.

"ಗೊತ್ತೈತಣ್ಣ. ಹೋಗೋ ದಿನ ನಿಮ್ಮಲ್ಲಿಗೆ ಬಂದು ಹೋಗಿದ್ರು. ಇಟ್ಟಿಗಿಗೆ ಹೋಗಾವರು ಗುದ್ದಲಿ, ಮಂಕರಿ ಯಾಕ ಒಯ್ತಾರ? ಈ ಬಾವಿ ತೆಗೀರಿ ಅಂತ ಮೂರು ವರ್ಷ ಎಲ್ಲಾರ ಕಾಲು ಹಿಡಿದೆ. ಹೆಂಗಸಿನ ಮಾತಿಗೆ ಯಾರೂ ಗುದ್ದಲಿ ಎತ್ತಲಿಲ್ಲ. ನಿಮ್ಮ ಕಡ್ಡಿಗೆ ಎತ್ತಿದ್ರು." ಊರಿನವರ ಕಡೆ ತಿರುಗಿದಳು. "ನನ್ನ ಮನಿಯವರು ಓಡಿ ಹೋಗಿಲ್ಲ."

ಆಗ ಅವಳಿಗೆ ಅಳು ಬಂತು. ಬೊಮ್ಮಪ್ಪ ತಗ್ಗಿನಲ್ಲೇ ತಲೆ ತಗ್ಗಿಸಿ ಕೂತಿದ್ದ. ಹುಲುಗಪ್ಪನ ಕೈಯಲ್ಲಿನ ಕವೆ ಯಾವಾಗ ಬಿತ್ತೋ ಯಾರೂ ನೋಡಲಿಲ್ಲ. ಸಂಜೆ ಪೊಲೀಸರು ಬಂದು ಪಂಚನಾಮೆ ಮಾಡಿದರು. ಮರುದಿನ ಜೋಗಪ್ಪನನ್ನು ಎಲ್ಲರ ಹಾಗೆ ಮರ್ಯಾದೆಯಿಂದ ಮಣ್ಣು ಮಾಡಿದರು. ಹುಲುಗಪ್ಪನೂ ಒಂದು ಹಿಡಿ ಮಣ್ಣು ಹಾಕಿದ. ಬೇಡ ಎಂದು ಯಾರೂ ಅನ್ನಲಿಲ್ಲ, ಹತ್ತಿರವೂ ಯಾರೂ ನಿಲ್ಲಲಿಲ್ಲ. ಮುಂದಿನ ವರ್ಷ ಕೆಂಚಕ್ಕನ ಮಗಳಿಗೆ ಹರಪನಹಳ್ಳಿ ಕಡೆಯ ಸಂಬಂಧ ಕೂಡಿಬಂತು.

ಹುಲುಗಪ್ಪ ಮತ್ತೆ ಕವೆ ಹಿಡಿಯಲಿಲ್ಲ. ಸುದ್ದಿ ಕೇಳಿ ದಂಗಾದ ಗುಲಾಮಹುಸೇನ ಮಾಸ್ತರು ಗುಡೇಕೋಟೆಗೇ ಹುಡುಕಿಕೊಂಡು ಬಂದರು. ಅವನು ಮನೆಯಲ್ಲಿರಲಿಲ್ಲ. ಅಪ್ಪನ ಕಟ್ಟಳೆಯನ್ನು ತಲೆಕೆಳಗು ಮಾಡಿಕೊಂಡು, ತಾನು ಕಲ್ಲಿಟ್ಟು ಬೆನ್ನು ತಿರುಗಿಸಿ ಬಂದ ಹೊಲಗಳಿಗೆಲ್ಲ ಒಂದೊಂದಾಗಿ ಹೋಗುತ್ತಿದ್ದ. ಕೆಲವು ಬಾವಿಗಳಲ್ಲಿ ಏತ ಹೊಡೆಯುತ್ತಿದ್ದರು, ಹೆಂಗಸರು ಬಟ್ಟೆ ಒಗೆಯುತ್ತಿದ್ದರು. ಅವರು ಸಂತೋಷದಿಂದ ಕರೆದರೆ ಅವನು ತಂಬಿಗೆ ನೀರನ್ನೂ ಮುಟ್ಟುತ್ತಿರಲಿಲ್ಲ. ಒಣಗಿ ಕುಸಿದ ಬಾವಿಗಳ ದಂಡೆಯಲ್ಲೇ ಅವನಿಗೆ ಹೊತ್ತು ಹೋಗುತ್ತಿತ್ತು. ಕೂತು ಒಳಗೆ ಬಗ್ಗಿ ನೋಡುತ್ತಿದ್ದ. ದಾರಿಯಲ್ಲಿ ಹೋಗುವವರನ್ನು, ದನ ಕಾಯುವವರನ್ನು ನಿಲ್ಲಿಸಿ ಒಂದೇ ಮಾತು ಕೇಳುತ್ತಿದ್ದ:

"ನಾ ಹೋದ ಮ್ಯಾಲೆ ಇದರಾಗ ಯಾರಾದ್ರೂ ಇಳಿದಿದ್ರೇನ್ರಿ?"