ಫಿಡೆಲಿಸ್‌ಗೆ ತೆಗೆದಿಟ್ಟ ಹಬ್ಬದ ಪಾಯಸ

ಫಿಡೆಲಿಸ್ ಕೀನ್ಯಾದವನು. ಗಲ್ಫಿನ ಐನ್ ಖಾಲಿದ್‌ನ ನಮ್ಮ ಕಾಂಪೌಂಡಿನ ಗೇಟು ಕಾಯುತ್ತಿದ್ದ. ಬಾಗಿಲಿಗೆ ತಲೆ ತಾಗುವಷ್ಟು ಎತ್ತರ, ಕಪ್ಪು ಬಣ್ಣ, ಮಾತು ಮಾತ್ರ ಬಲು ಮೆತ್ತಗೆ. ನಮ್ಮಂತೆಯೇ ಕ್ಯಾಥೊಲಿಕ್. ಸೆಪ್ಟೆಂಬರಿನ ಮೊಂತಿ ಹಬ್ಬಕ್ಕೆ ಮಕ್ಕಳು ಮಾತೆ ಮರಿಯಮ್ಮನಿಗೆ ಹೂ ಹಾಕುವಾಗ, ಕೈ ಎಟುಕದ ಪಕ್ಕದ ಮನೆಯ ಪುಟ್ಟ ಜೆಸಿಕಾಳನ್ನು ಹೆಗಲ ಮೇಲೆ ಕೂರಿಸಿಕೊಳ್ಳುವವನು ಅವನೇ. ಆಮೇಲೆ ಊರಿಂದ ತರಿಸಿದ ಹೊಸ ತೆನೆಯ ಭತ್ತ ಸುಲಿದು ನಾನು ಪಾಯಸ ಮಾಡುತ್ತೇನೆ. ಅದು ಮನೆಮಂದಿ ಹಂಚಿಕೊಂಡು ಉಣ್ಣುವಂಥದ್ದು. ಅವನಿಗೂ ಒಂದು ಬಟ್ಟಲು ಇದ್ದೇ ಇರುತ್ತಿತ್ತು. "ದೇವ್ ಬರೆಂ ಕರುಂ" ಎಂದು, ದೇವರು ಒಳ್ಳೆಯದು ಮಾಡಲಿ ಅಂತ ನಮ್ಮ ಕೊಂಕಣಿಯಲ್ಲೇ ಹರಸಿ ಉಣ್ಣುತ್ತಿದ್ದ.

ಈ ವರ್ಷ ಹಬ್ಬಕ್ಕೆ ಮುಂಚೆ ಊರಿನ ನ್ಯೂಸ್ ಚಾನೆಲ್ಲೊಂದು, ಅದರ ಮನೆ ಹಾಳಾಗ, ಒಂದು ವಿಡಿಯೋ ತೋರಿಸಿತು. ಎಲ್ಲೋ ಓಡುತ್ತಿರುವ ಕಪ್ಪು ಯುವಕ, ಮುಖದ ಸುತ್ತ ಕೆಂಪು ವೃತ್ತ, ಎದೆ ನಡುಗಿಸುವ ಸಂಗೀತ, 'ಆಫ್ರಿಕಾದ ರಾಕ್ಷಸರು' ಎಂಬ ದಪ್ಪಕ್ಷರ. ದಿನವಿಡೀ ಅದೇ. ಜೆಸಿಕಾಳ ಅಪ್ಪ ಫ್ಲಾಯ್ಡ್ ಅದನ್ನು ಕಾಂಪೌಂಡಿನ ವಾಟ್ಸಾಪ್ ಗ್ರೂಪಿಗೆ ಹಾಕಿ, "ನಮ್ಮ ಗೇಟಲ್ಲೂ ಒಬ್ಬ ಇದ್ದಾನೆ, ಹುಷಾರು" ಎಂದು ಬರೆದ.

ನನಗೆ ಮೈಯೆಲ್ಲ ಉರಿಯಿತು. "ಅಲ್ಲ ಮಾರಾಯ, ನಮ್ಮೂರಿನವ ಯಾರೋ ಕದ್ದರೆ ನಿನ್ನನ್ನು ಜೈಲಿಗೆ ಹಾಕ್ಬೇಕಾ?" ಎಂದು ಅವನ ಬಾಗಿಲಲ್ಲೇ ಕೇಳಿದೆ.

"ಹಾಗಲ್ಲ ಐವಿ ಆಂಟಿ, ಮಕ್ಕಳಿರುವ ಜಾಗ. ಸೆಕ್ಯೂರಿಟಿ ಕಂಪನಿಗೆ ಮೇಲ್ ಹಾಕಿ ಆಯ್ತು, ಬೇರೆಯವನನ್ನು ಕಳಿಸ್ತಾರಂತೆ. ಖಲಾಸ್."

ಹಬ್ಬದ ದಿನವೇ ಫಿಡೆಲಿಸ್‌ನ ಕೊನೆಯ ಡ್ಯೂಟಿ. ಅವನು ಯಾರನ್ನೂ ದೂರಲಿಲ್ಲ. "ಸಿಸ್ಟರ್, ಮಕ್ಕಳ ಜೊತೆ ಪಾಯಸ ತಿಂದು ಹೋಗಲೇ?" ಎಂದು ತನ್ನ ಇಂಗ್ಲಿಷಿನಲ್ಲಿ ಕೇಳಿದ, ಅಷ್ಟೇ.

ಹಬ್ಬಕ್ಕೆ ಕಾಂಪೌಂಡಿನವರೆಲ್ಲ ಸೇರುವ ನಮ್ಮನೆಯಲ್ಲಿ ಬಟ್ಟಲು ಕೊಡುವುದು ಎಲ್ಲರಿಗಿಂತ ಚಿಕ್ಕ ಮಗು. ಜೆಸಿಕಾ ಎಲ್ಲರಿಗೂ ಕೊಟ್ಟು ಬಂದಳು. ಅವನ ಮುಂದೆ ಬಂದವಳು ನಿಂತುಬಿಟ್ಟಳು. ಅವಳಿಗೆ ಎತ್ತರವಾಗಿ ಕಾಣಬಾರದೆಂದು ಅವನು ಮಂಡಿಯೂರಿ, ನಗುತ್ತ ಕೈ ಚಾಚಿದ. ಅವಳು ಬಟ್ಟಲನ್ನು ದೂರದಲ್ಲೇ ನೆಲಕ್ಕಿಟ್ಟು ಓಡಿಹೋಗಿ ಅಪ್ಪನ ಕಾಲು ತಬ್ಬಿಕೊಂಡಳು.

"ಪಪ್ಪಾ, ಈ ಟಿವಿ ಅಂಕಲ್ ನಮ್ಮನ್ನು ಹಿಡಿತಾರಾ?"

ಫ್ಲಾಯ್ಡ್ ನೆಲ ನೋಡುತ್ತಿದ್ದ. ಫಿಡೆಲಿಸ್ ಮಂಡಿಯಲ್ಲೇ ಮುಂದೆ ಸರಿದು ಬಟ್ಟಲು ತೆಗೆದುಕೊಂಡ. ಪೂರ್ತಿ ಉಂಡ. "ದೇವ್ ಬರೆಂ ಕರುಂ" ಎಂದ.

ಗೇಟಿನ ತನಕ ಜೊತೆಗೆ ನಡೆದೆ. ಮುಂದೆ ಎಲ್ಲಿ ಕೆಲಸವೆಂದು ಕೇಳಿದೆ.

"ಹಮದ್ ಬಂದರಿನಲ್ಲಿ, ಕಂಟೇನರ್ ಕಾಯುವುದು," ಎಂದು ಟೋಪಿ ಸರಿಮಾಡಿಕೊಂಡ. "ಒಳ್ಳೆಯದೇ ಆಯಿತು ಸಿಸ್ಟರ್. ಅಲ್ಲಿ ಮಕ್ಕಳಿಲ್ಲ."