ಲಂಗಾಟಾದಲ್ಲಿ ಸಿಕ್ಕ ರಾಗ

ನಾನು ಈಗ ಬಂದಿರುವ ಪರದೇಶದ ಬಡಾವಣೆ ಲಂಗಾಟಾದಲ್ಲಿ, ತಂಗಿ ಸುಮಾಳ ಪಕ್ಕದ ಮನೆಯಲ್ಲಿ ಫ್ರೆಂಚ್ ಮುದುಕರೊಬ್ಬರಿದ್ದಾರೆ. ಮೂವತ್ತು ವರ್ಷ ಪ್ಯಾರಿಸ್‌ನಲ್ಲಿ ಸಿನಿಮಾಗಳಿಗೆ ಸಂಗೀತ ಬರೆದು, ಈಗ ಮಗಳ ಜೊತೆ ಬಂದು ನೆಲೆಸಿದ್ದಾರೆ. "ಅಣ್ಣಾ, ಅವರದೊಂದು ಸಿನಿಮಾ ನೋಡಿದೀನಿ ಅಂದ್ಯಲ್ಲ, ಬಾ" ಎಂದು ಸುಮಾ ಇವತ್ತು ಮಧ್ಯಾಹ್ನ ಕರೆದುಕೊಂಡು ಹೋದಳು. ಕೆಲಸದಾಕೆ ಅಲ್ಲಿಯ ಮಾತಲ್ಲಿ "ಕರಿಬು", ಬನ್ನಿ ಎಂದು ಒಳಗೆ ಕೂರಿಸಿ ಕಾಫಿ ಕೊಟ್ಟಳು.

ಆ ಸಿನಿಮಾ ನೋಡಿದ್ದು ಮೈಸೂರಿನ ಫಿಲ್ಮ್ ಸೊಸೈಟಿಯಲ್ಲಿ, ಮದುವೆಯಾದ ಹೊಸತರಲ್ಲಿ. ರೈಲು ಹೊರಟುಹೋದ ಮೇಲೂ ಹೆಂಗಸೊಬ್ಬಳು ಪ್ಲಾಟ್‌ಫಾರ್ಮಿನಲ್ಲೇ ನಿಂತಿರುತ್ತಾಳೆ. "ಆ ದೃಶ್ಯದ ಸಂಗೀತ ಈಗಲೂ ಗುನುಗುತ್ತಿರುತ್ತೇನೆ" ಎಂದೆ.

ಮುದುಕರು ಕಪ್ ಕೆಳಗಿಟ್ಟರು. "ಅಲ್ಲಿ ಸಂಗೀತವೇ ಇಲ್ಲ. ಬೇಡ ಅಂತ ನಿರ್ದೇಶಕರ ಜೊತೆ ಜಗಳವಾಡಿದ್ದೆ. ನಾನು ಮಾಡಿದ ಒಳ್ಳೆಯ ಕೆಲಸ ಅದೊಂದೇ."

ನನಗೆ ನಾಚಿಕೆಯಾಯಿತು. "ಪರವಾಗಿಲ್ಲ, ಹಾಡಿ" ಎಂದರು. ಗುನುಗಿದೆ. ಅವರು ಪಿಯಾನೋ ಮುಂದೆ ಕೂತು ಒಂದೇ ಬೆರಳಲ್ಲಿ ಅದನ್ನು ಹುಡುಕಿದರು. ಆಮೇಲೆ ಎರಡೂ ಕೈಯಲ್ಲಿ ನುಡಿಸಿದರು.

"ಚೆನ್ನಾಗಿದೆ. ಆದರೆ ನನ್ನದಲ್ಲ. ಆವತ್ತು ನಿಮ್ಮ ಜೊತೆ ಯಾರಿದ್ದರು?"

ಆಗ ನೆನಪಾಯಿತು. ಸಿನಿಮಾ ಮುಗಿಸಿ ಸರಸ್ವತಿಪುರಂವರೆಗೆ ನಡೆದು ಬರುವಾಗ ನನ್ನ ಹೆಂಡತಿ ದಾರಿಯುದ್ದಕ್ಕೂ ಗುನುಗುತ್ತಿದ್ದಳು. ಅವಳು ತೀರಿಕೊಂಡು ಆರು ವರ್ಷವಾಯಿತು. ಅವಳ ದನಿ ಮರೆತೇಹೋಗಿದೆ ಎಂದುಕೊಂಡಿದ್ದೆ.

ಮುದುಕರು ಗೆರೆ ಎಳೆದ ಹಾಳೆ ತೆಗೆದು ಆ ರಾಗವನ್ನು ಪೂರ್ತಿ ಬರೆದರು. ಸಂಗೀತ ರಚಿಸಿದವರ ಹೆಸರು ಬರೆಯುವ ಜಾಗಕ್ಕೆ ಬಂದಾಗ ಪೆನ್ನು ನಿಲ್ಲಿಸಿ, "ಹೆಸರು ಹೇಳಿ" ಎಂದರು.

"ವನಜಾ" ಎಂದೆ.